ಖಾನಾಪುರದ ಹಳಿಗೆ ಬೇಕಾದ ಸಾಕ್ಷ್ಯ

ರೈಲ್ವೆ ಪರಂಪರೆ ಎಂಬ ಮಾತು ಬಂದಾಗ ಸಾಮಾನ್ಯವಾಗಿ ಕಣ್ಣಮುಂದೆ ನಿಲ್ಲುವುದು ಹೆಂಚಿನ ಮಾಡಿನ ಹಳೆಯ ನಿಲ್ದಾಣ, ಹಿತ್ತಾಳೆಯ ಗಂಟೆ, ಬಣ್ಣ ಬಳಿದು ಉದ್ಯಾನದಲ್ಲಿ ಇರಿಸಿದ ಉಗಿ ಎಂಜಿನ್ನು. ಇವೆಲ್ಲ ನಿಂತುಹೋದ ವಸ್ತುಗಳು. ರೈಲ್ವೆಯಾದರೋ ನಡೆಯುತ್ತಿರುವ ತನಕ ಮಾತ್ರ ರೈಲ್ವೆ. ಸ್ಟೇಷನ್ ಮಾಸ್ತರ ಪಕ್ಕದ ನಿಲ್ದಾಣಕ್ಕೆ ಗಂಟೆ ಬಾರಿಸಿ ದಾರಿ ಕೇಳುವುದು, ಪಾಯಿಂಟ್ಸ್‌ಮನ್ ಹಳಿ ಬದಲಿಸುವುದು, ಗ್ಯಾಂಗ್‌ಮನ್ ಮಳೆಯಲ್ಲಿ ಮೈಲಿಗಟ್ಟಲೆ ನಡೆದು ಜಲ್ಲಿ ನೋಡಿಬರುವುದು, ಇವೆಲ್ಲ ಹೊತ್ತಿಗೆ ಸರಿಯಾಗಿ ಕೂಡಿಬಂದಾಗಲೇ ಗಾಡಿ ಒಂದು ಊರು ದಾಟಿ ಇನ್ನೊಂದು ಊರು ಮುಟ್ಟುತ್ತದೆ. ಈ ಕೂಡುಕೆಲಸವನ್ನು ಗಾಜಿನ ಪೆಟ್ಟಿಗೆಯೊಳಗೆ ಇಟ್ಟು ತೋರಿಸಲು ಬರುವುದಿಲ್ಲ. ಚಲನೆ, ಸದ್ದು, ಮಾತು ಮೂರನ್ನೂ ಒಟ್ಟಿಗೆ ಹಿಡಿಯಬಲ್ಲ ಸಾಕ್ಷ್ಯಚಿತ್ರ, ಅಂದರೆ ಕಟ್ಟುಕಥೆಯಿಲ್ಲದೆ ನಿಜವಾದ ಜನ ಮತ್ತು ಜಾಗಗಳನ್ನೇ ದಾಖಲಿಸಿ ಜೋಡಿಸಿದ ಚಲನಚಿತ್ರ, ಅದಕ್ಕೆ ಒಗ್ಗುವ ಸಾಧನ. ಬೆಳಗಾವಿಯಿಂದ ದೇಸೂರ, ಇದಲಹೊಂಡ, ಖಾನಾಪುರ, ಗುಂಜಿಗಳನ್ನು ಹಾದು ಲೋಂಡಾ ಜಂಕ್ಷನ್ ಸೇರುವ ಸುಮಾರು 50 ಕಿಲೋಮೀಟರ್ ಹಳಿಯಷ್ಟು ಈ ಮಾತಿಗೆ ಪುಷ್ಟಿ ಕೊಡುವ ಮಾರ್ಗ ಉತ್ತರ ಕರ್ನಾಟಕದಲ್ಲಿ ಇನ್ನೊಂದಿಲ್ಲ.

ಈ ಹಳಿ ಹುಟ್ಟಿದ್ದು ಬರಗಾಲದ ಹೊಟ್ಟೆಯಲ್ಲಿ. 1876ರಿಂದ 1878ರವರೆಗಿನ ಕ್ಷಾಮ ಆಗಿನ ಮುಂಬಯಿ ಪ್ರಾಂತ್ಯದ ಬೆಳಗಾವಿ, ಧಾರವಾಡ, ಕಲಾದಗಿ ಜಿಲ್ಲೆಗಳನ್ನು ತತ್ತರಿಸುವಂತೆ ಮಾಡಿತ್ತು. ಮೇವಿಲ್ಲದೆ ಎತ್ತುಗಳು ಸತ್ತವು, ಎತ್ತುಗಳಿಲ್ಲದೆ ಚಕ್ಕಡಿಗಳು ನಿಂತವು, ಚಕ್ಕಡಿಗಳಿಲ್ಲದೆ ಬೇರೆ ಸೀಮೆಯಲ್ಲಿ ಕಾಳು ಇದ್ದರೂ ಹಸಿದವರ ಊರು ತಲುಪಲಿಲ್ಲ. 1880ರ ಕ್ಷಾಮ ಆಯೋಗ ಬರಪೀಡಿತ ಸೀಮೆಗಳಲ್ಲಿ ರೈಲು ಹಾಕಬೇಕೆಂದು ಹೇಳಿತು. ಲಾಭಕ್ಕಿಂತ ಹೆಚ್ಚಾಗಿ ಕಾಳು ಸಾಗಿಸುವ ಭದ್ರತೆಗಾಗಿ ಹಾಕುವ ಇಂಥ ಮಾರ್ಗಗಳಿಗೆ ‘ರಕ್ಷಣಾ ರೈಲು’ ಎಂಬ ಹೆಸರು ಬಂತು. 1882ರಲ್ಲಿ ಹುಟ್ಟಿದ ಸದರ್ನ್ ಮರಾಠಾ ರೈಲ್ವೆ ಕಂಪನಿ ಈ ಕೆಲಸಕ್ಕೆಂದೇ ನಿಂತದ್ದು. ಖರ್ಚು ತಗ್ಗಿಸಲು ಅದು ಮೀಟರ್ ಗೇಜ್ ಆರಿಸಿಕೊಂಡಿತು. ಗೇಜ್ ಎಂದರೆ ಎರಡು ಹಳಿಗಳ ನಡುವಿನ ಅಂತರ, ಮೀಟರ್ ಗೇಜಿನಲ್ಲಿ ಅದು 1,000 ಮಿಲಿಮೀಟರ್, ಬ್ರಾಡ್ ಗೇಜಿನಲ್ಲಿ 1,676. ರೈಲು ಬಂದರೆ ಬರ ಹೋಗುತ್ತದೆ ಎಂಬ ಸರ್ಕಾರಿ ವಾದವನ್ನು ಆಗಲೇ ಒಪ್ಪದವರೂ ಇದ್ದರು. ಹಳಿಗೆ ಸುರಿಯುವ ಹಣವನ್ನು ನೀರಾವರಿಗೆ ಹಾಕಬೇಕಿತ್ತೆಂದು ರಮೇಶಚಂದ್ರ ದತ್ತರಂಥವರು ಬರೆದರು, ಮತ್ತು ಕಾಳು ತರುವ ಹಳಿಯೇ ಕಾಳನ್ನು ಹೊರಗೂ ಒಯ್ಯುತ್ತದೆ ಎಂಬುದು ಯಾವ ರೈತನಿಗೂ ತಿಳಿಯುವ ಮಾತು. ಈ ಜಗಳವನ್ನು ಬಿಟ್ಟು ಬರೀ ಹೊಗೆಯುಗುಳುವ ಎಂಜಿನ್ನಿನ ಸೊಗಸನ್ನು ತೋರಿಸುವ ಚಿತ್ರ ಪ್ರವಾಸೋದ್ಯಮದ ಜಾಹೀರಾತಾಗಬಹುದು, ಇತಿಹಾಸವಾಗಲಾರದು.

ಬರದ ಜೊತೆಗೆ ಬಂದರಿನ ಲೆಕ್ಕವೂ ಸೇರಿತ್ತು. 1878ರಲ್ಲಿ ಬ್ರಿಟನ್ ಮತ್ತು ಪೋರ್ಚುಗಲ್ ಮಾಡಿಕೊಂಡ ಒಪ್ಪಂದದ ಬೆನ್ನಿಗೆ ಗೋವಾದ ಮುರ್ಮಗೋವಾ ಬಂದರಿನಿಂದ ಘಟ್ಟದ ಮೇಲಿನ ಕ್ಯಾಸಲ್‌ರಾಕ್‌ವರೆಗೆ ವೆಸ್ಟ್ ಆಫ್ ಇಂಡಿಯಾ ಪೋರ್ಚುಗೀಸ್ ರೈಲ್ವೆ ಎಂಬ ಪ್ರತ್ಯೇಕ ಕಂಪನಿ ಹಳಿ ಹಾಕಿತು. ಬ್ರಿಟಿಷ್ ಸೀಮೆಯ ಹಳಿ ಕ್ಯಾಸಲ್‌ರಾಕ್‌ನಲ್ಲಿ ಅದಕ್ಕೆ ಕೂಡಿತು. ಘಟ್ಟದ ಆ ದಾರಿಯೇ ದೂಧಸಾಗರ ಜಲಪಾತದ ಎದೆಯ ಮೇಲೆ ಹಾದುಹೋಗುವ, ಇಂದಿಗೂ ಹಿಂದಿನಿಂದ ಹೆಚ್ಚುವರಿ ಎಂಜಿನ್ ತಳ್ಳದೆ ಭಾರದ ಗಾಡಿಗಳು ಏರಲಾಗದ ಬ್ರಗಾಂಝಾ ಘಟ್ಟ. 1880ರ ದಶಕದ ಉತ್ತರಾರ್ಧದಲ್ಲಿ ಬೆಳಗಾವಿ, ಖಾನಾಪುರ, ಲೋಂಡಾಗಳಿಗೆ ರೈಲು ಬಂದ ಮೇಲೆ ಈ ನಾಡಿನ ವ್ಯಾಪಾರದ ಮುಖವೇ ತಿರುಗಿತು. ಅದಕ್ಕೆ ಮೊದಲು ಬೆಳಗಾವಿಯ ಹತ್ತಿ, ಬೆಲ್ಲ, ಕಾಳು ಎತ್ತಿನ ಬೆನ್ನ ಮೇಲೂ ಚಕ್ಕಡಿಯಲ್ಲೂ ಘಟ್ಟವಿಳಿದು ವೆಂಗುರ್ಲೆ ಬಂದರಿಗೆ ಹೋಗುತ್ತಿದ್ದವು. 1884ರಲ್ಲಿ ಪ್ರಕಟವಾದ ಮುಂಬಯಿ ಪ್ರಾಂತ್ಯದ ಗೆಜೆಟಿಯರಿನ ಬೆಳಗಾವಿ ಸಂಪುಟ ಈ ಹಳೆಯ ದಾರಿಗಳನ್ನು ಬಣ್ಣಿಸುವುದು ರೈಲು ಬರುವ ಹೊಸ್ತಿಲಲ್ಲಿ ನಿಂತು. ಒಂದು ಜಿಲ್ಲೆಯ ಚಕ್ಕಡಿ ಯುಗದ ಕೊನೆಯ ಲೆಕ್ಕಪತ್ರ ಎಂದು ಅದನ್ನು ಓದಬಹುದು. ರೈಲು ಬಂದ ನಂತರದ ನೂರು ವರ್ಷಗಳಿಗೆ ಅಷ್ಟು ಕಟ್ಟುನಿಟ್ಟಿನ ಲೆಕ್ಕಪತ್ರವನ್ನು ಯಾರೂ ಬರೆದಿಲ್ಲ ಎಂಬುದೇ ಇಲ್ಲಿ ಗಮನಿಸಬೇಕಾದ ಸಂಗತಿ.

ಖಾನಾಪುರ ತಾಲ್ಲೂಕಿಗೆ ರೈಲು ಎಂದರೆ ಮೊದಲು ಕಾಡಿನ ಸರಕು. ಲೋಂಡಾ, ನಾಗರಗಾಳಿ, ತಾವರಗಟ್ಟಿ ನಿಲ್ದಾಣಗಳು ದಟ್ಟ ಕಾಡಿನ ನಡುವೆ ಇವೆ. ಸಾಗವಾನಿ, ಮತ್ತಿ, ನಂದಿ ಮರಗಳ ದಿಮ್ಮಿಗಳು ಹಳಿಯ ಪಕ್ಕದ ಡಿಪೋಗಳಲ್ಲಿ ರಾಶಿಬಿದ್ದು ವ್ಯಾಗನ್ನು ಹತ್ತುತ್ತಿದ್ದವು, ಹಳಿಯ ಕೆಳಗಿನ ಮರದ ಸ್ಲೀಪರುಗಳೂ ಇಂಥ ಕಾಡುಗಳಿಂದಲೇ ಬರುತ್ತಿದ್ದವು. ಅಳ್ನಾವರದಿಂದ ದಾಂಡೇಲಿಗೆ ಕವಲೊಡೆದ ಹಳಿಯ ಉದ್ದೇಶವೂ ಮರ ಸಾಗಿಸುವುದೇ ಆಗಿತ್ತು. ಖಾನಾಪುರದ ಮಣ್ಣು ಇನ್ನೊಂದು ಸರಕು. ಮಲಪ್ರಭೆಯ ದಂಡೆಯ ಈ ಊರು ಹಂಚು ಮತ್ತು ಮಡಕೆಗೆ ಹೆಸರಾದದ್ದು, 1954ರಲ್ಲಿ ಗ್ರಾಮೀಣ ಕುಂಬಾರಿಕೆಯ ಕೇಂದ್ರೀಯ ತರಬೇತಿ ಸಂಸ್ಥೆ ಇಲ್ಲಿ ನೆಲೆಯೂರಿದ್ದಕ್ಕೆ ಆ ಮಣ್ಣೇ ಕಾರಣ. ರೈಲಿನ ಚರಿತ್ರೆಯನ್ನು ಎಂಜಿನ್ನಿನ ಮಾದರಿಗಳ ಪಟ್ಟಿಯಾಗಿ ನೋಡುವ ಹವ್ಯಾಸಿಗಳ ಕಣ್ಣಿಗೆ ದಿಮ್ಮಿ ಹೊತ್ತ ಹಮಾಲನಾಗಲಿ, ಹಂಚು ಜೋಡಿಸಿದ ಹೆಣ್ಣಾಳಾಗಲಿ ಬೀಳುವುದು ಕಡಿಮೆ. ಖಾನಾಪುರದ ಮಟ್ಟಿಗೆ ರೈಲ್ವೆ ಪರಂಪರೆಯ ಅರ್ಧಪಾಲು ಅವರದೇ.

ಹೆಸರುವಾಸಿ ಪ್ರಯಾಣಿಕರಿಗೇನೂ ಈ ಹಳಿಯಲ್ಲಿ ಕೊರತೆಯಿಲ್ಲ. 1892ರ ಅಕ್ಟೋಬರಿನಲ್ಲಿ ಪರಿವ್ರಾಜಕರಾಗಿ ಬೆಳಗಾವಿಗೆ ಬಂದ ಸ್ವಾಮಿ ವಿವೇಕಾನಂದರು ಅರಣ್ಯಾಧಿಕಾರಿ ಹರಿಪದ ಮಿತ್ರರ ಮನೆಯಲ್ಲಿ ಉಳಿದು ಮುಂದೆ ಗೋವಾಕ್ಕೆ ತೆರಳಿದರು. 1924ರ ಡಿಸೆಂಬರ್ 26 ಮತ್ತು 27ರಂದು ಟಿಳಕವಾಡಿಯಲ್ಲಿ ನಡೆದ, ಗಾಂಧೀಜಿ ಅಧ್ಯಕ್ಷತೆ ವಹಿಸಿದ ಏಕೈಕ ಕಾಂಗ್ರೆಸ್ ಅಧಿವೇಶನಕ್ಕೆ ದೇಶದ ಮೂಲೆಮೂಲೆಯ ಪ್ರತಿನಿಧಿಗಳು ಬಂದದ್ದು ಈ ಮೀಟರ್ ಗೇಜ್ ಗಾಡಿಗಳಲ್ಲೇ. ಗೋವಾ ವಿಮೋಚನೆಯ ಸತ್ಯಾಗ್ರಹದ ಕಾಲದಲ್ಲಿ, 1955ರಲ್ಲಿ, ಕ್ಯಾಸಲ್‌ರಾಕ್ ದಾಟುವ ರೈಲು ಸಂಚಾರ ಕಡಿದುಹೋಯಿತು. 1961ರ ಡಿಸೆಂಬರಿನಲ್ಲಿ ಗೋವಾದೊಳಕ್ಕೆ ನುಗ್ಗಬೇಕಿದ್ದ ಸೇನೆ ಬೆಳಗಾವಿಯಲ್ಲಿ ಜಮಾಯಿಸಿದಾಗ ಈ ಹಳಿಗಳ ಮೇಲೆ ಸೈನಿಕರ ಗಾಡಿಗಳು ಸಾಲುಗಟ್ಟಿದವು. ಇವೆಲ್ಲ ಚಿತ್ರಕ್ಕೆ ಹೇಳಿಮಾಡಿಸಿದ ಪ್ರಸಂಗಗಳೇ. ಆದರೆ ಇವಕ್ಕೆ ಪುಸ್ತಕಗಳಿವೆ, ಸ್ಮಾರಕಗಳಿವೆ, ಫೋಟೋಗಳಿವೆ. ಆ ಸೈನಿಕರ ಗಾಡಿಗಳಿಗೆ ರಾತ್ರಿಯಿಡೀ ದಾರಿ ಬಿಟ್ಟುಕೊಟ್ಟ ಸಣ್ಣ ನಿಲ್ದಾಣದ ಮಾಸ್ತರರಿಗೆ ಏನೂ ಇಲ್ಲ. ಸೀಮಿತ ಹಣದಲ್ಲಿ ಚಿತ್ರ ಮಾಡುವವರು ಯಾರ ಕಡೆ ಕ್ಯಾಮೆರಾ ತಿರುಗಿಸಬೇಕು ಎಂಬುದಕ್ಕೆ ಇದಕ್ಕಿಂತ ಬೇರೆ ಅಳತೆಗೋಲು ಬೇಕಾಗಿಲ್ಲ.

ಕಾಗದದ ದಾಖಲೆಗಳು ಚದುರಿದ ಬಗೆಯೂ ಈ ವಾದಕ್ಕೆ ಬಲ ಕೊಡುತ್ತದೆ. ಸದರ್ನ್ ಮರಾಠಾ ರೈಲ್ವೆಯ ಮುಖ್ಯ ಕಚೇರಿ ಧಾರವಾಡದಲ್ಲಿತ್ತು. 1908ರಲ್ಲಿ ಆ ಕಂಪನಿ ಮದ್ರಾಸ್ ರೈಲ್ವೆಯೊಡನೆ ಕೂಡಿ ಮದ್ರಾಸ್ ಆ್ಯಂಡ್ ಸದರ್ನ್ ಮರಾಠಾ ರೈಲ್ವೆಯಾದಾಗ ಆಡಳಿತ ಮದ್ರಾಸಿಗೆ ಹೋಯಿತು, ಖಾಲಿಯಾದ ಭವ್ಯ ಕಟ್ಟಡದಲ್ಲಿ ಮುಂದೆ ಕರ್ನಾಟಕ ಕಾಲೇಜು ನೆಲೆಸಿತು. 1951ರಲ್ಲಿ ದಕ್ಷಿಣ ರೈಲ್ವೆ, 1966ರಲ್ಲಿ ಸಿಕಂದರಾಬಾದಿನ ದಕ್ಷಿಣ ಮಧ್ಯ ರೈಲ್ವೆ, 2003ರಲ್ಲಿ ಹುಬ್ಬಳ್ಳಿಯ ನೈಋತ್ಯ ರೈಲ್ವೆ, ಹೀಗೆ ಮನೆ ಬದಲಿಸಿದ ಪ್ರತಿಸಲವೂ ಕಡತಗಳ ಗಂಟು ಒಂದಿಷ್ಟು ಸಡಿಲವಾಗಿದೆ. ಲಂಡನ್ನಿನಲ್ಲಿ ನೋಂದಾಯಿತವಾದ ಕಂಪನಿಗಳ ವರದಿಗಳು ಲಂಡನ್ನಿನಲ್ಲಿವೆ. ಷೇರುದಾರರ ಮುಂದಿಟ್ಟ ಆ ವರದಿಗಳಲ್ಲಿ ಟನ್ನುಗಳೂ ಪೌಂಡುಗಳೂ ಸಿಗುತ್ತವೆ; ಗುಂಜಿಯಲ್ಲಿ ಮಳೆಗಾಲದ ರಾತ್ರಿ ಹಳಿ ಕಾಯ್ದವನ ಮಾತು ಸಿಗುವುದಿಲ್ಲ.

1992ರಲ್ಲಿ ಭಾರತೀಯ ರೈಲ್ವೆ ದೇಶದ ಹಳಿಗಳನ್ನೆಲ್ಲ ಆದಷ್ಟು ಬ್ರಾಡ್ ಗೇಜಿಗೆ ತರುವ ಏಕಗೇಜ್ ಯೋಜನೆ ಕೈಗೆತ್ತಿಕೊಂಡಿತು. ಪುಣೆಯಿಂದ ಮೀರಜ್‌ವರೆಗಿನ ಭಾಗ 1970ರ ದಶಕದ ಆರಂಭದಲ್ಲೇ ಬ್ರಾಡ್ ಗೇಜಾಗಿತ್ತು. ಮೀರಜ್, ಬೆಳಗಾವಿ, ಲೋಂಡಾ, ಹುಬ್ಬಳ್ಳಿಗಳ ಹಳಿ 1990ರ ದಶಕದ ಮಧ್ಯಭಾಗದಲ್ಲಿ ಬದಲಾಯಿತು, ಗೋವಾ ಮಾರ್ಗ ಅದರ ಹಿಂದೆಯೇ. ಮೀರಜ್‌ನಲ್ಲಿ ಗಾಡಿ ಬದಲಿಸಬೇಕಾಗಿದ್ದ ಪ್ರಯಾಣಿಕರಿಗೆ ಇದು ದೊಡ್ಡ ಅನುಕೂಲ, ಅದರಲ್ಲಿ ಎರಡು ಮಾತಿಲ್ಲ. ಆದರೆ ನೂರು ವರ್ಷ ಬೇರುಬಿಟ್ಟಿದ್ದ ಒಂದು ಕೆಲಸದ ಸಂಸ್ಕೃತಿ ಹತ್ತೇ ವರ್ಷದೊಳಗೆ ಮುಗಿದುಹೋಯಿತು, ಅದನ್ನು ನಿಂತು ನೋಡಿ ಬರೆದಿಟ್ಟವರು ಕಡಿಮೆ.

ಆ ಸಂಸ್ಕೃತಿ ಏನೆಂಬುದನ್ನು ಟೋಕನ್ನಿನ ಉದಾಹರಣೆಯಿಂದ ತಿಳಿಯಬಹುದು. ಹೋಗುವ ಬರುವ ಗಾಡಿಗಳೆಲ್ಲ ಒಂಟಿ ಹಳಿಯ ಮೇಲೇ ಓಡುವಾಗ ಎರಡು ನಿಲ್ದಾಣಗಳ ನಡುವೆ ಒಂದು ಹೊತ್ತಿಗೆ ಒಂದೇ ಗಾಡಿ ಇರಬೇಕು. ಅದಕ್ಕಾಗಿ ಎರಡೂ ನಿಲ್ದಾಣಗಳಲ್ಲಿ ತಂತಿಯಿಂದ ಜೋಡಿಸಿದ ಒಂದೊಂದು ಯಂತ್ರ ಇರುತ್ತಿತ್ತು. ಅದರೊಳಗೆ ಲೋಹದ ಗುಂಡುಗಳು. ಒಂದು ಕಡೆಯ ಮಾಸ್ತರ ಗಂಟೆಯ ಸಂಜ್ಞೆಯಿಂದ ದಾರಿ ಕೇಳಿ, ಇನ್ನೊಂದು ಕಡೆಯವರು ‘ಲೈನ್ ಕ್ಲಿಯರ್’ ಕೊಟ್ಟರೆ ಮಾತ್ರ ಗುಂಡು ಹೊರಬೀಳುತ್ತಿತ್ತು, ಒಂದು ಗುಂಡು ಹೊರಗಿರುವ ತನಕ ಯಾವ ಕಡೆಯಿಂದಲೂ ಇನ್ನೊಂದು ಬರುತ್ತಿರಲಿಲ್ಲ. ಆ ಗುಂಡೇ ಟೋಕನ್, ಚಾಲಕನ ಪಾಲಿಗೆ ಮುಂದಿನ ಹಳಿಯ ಹಕ್ಕುಪತ್ರ. ಅದನ್ನು ಚರ್ಮದ ಚೀಲದಲ್ಲಿ ಹಾಕಿ, ಚೀಲವನ್ನು ಬೆತ್ತದ ದೊಡ್ಡ ಬಳೆಗೆ ಕಟ್ಟಿ, ನಿಲ್ಲದೆ ಹಾಯುವ ಗಾಡಿಯ ಚಾಲಕನಿಗೆ ಪ್ಲಾಟ್‌ಫಾರ್ಮಿನ ಅಂಚಿನಲ್ಲಿ ನಿಂತ ಪೋರ್ಟರ್ ಎತ್ತಿ ಹಿಡಿಯಬೇಕು. ಎಂಜಿನ್ನಿನಲ್ಲಿದ್ದವರು ಹಿಂದಿನ ನಿಲ್ದಾಣದ ಬಳೆಯನ್ನು ಕೆಳಗೆ ಎಸೆದು ಹೊಸದನ್ನು ತೋಳಿಗೆ ಸಿಕ್ಕಿಸಿಕೊಳ್ಳಬೇಕು. ರಾತ್ರಿಯಾದರೆ ಕೈಯಲ್ಲಿ ಪಂಜು. ಮಳೆಯಾದರೆ ಜಾರುವ ನೆಲ. ಬಳೆ ತಪ್ಪಿತೋ, ಗಾಡಿ ನಿಲ್ಲಬೇಕು, ಸಹಾಯಕ ಇಳಿದು ಕತ್ತಲಲ್ಲಿ ಅದನ್ನು ಹುಡುಕಿ ತರಬೇಕು. ಟೋಕನ್ ಯಂತ್ರವನ್ನು ವಸ್ತುಸಂಗ್ರಹಾಲಯದಲ್ಲಿ ಇಡಬಹುದು, ಬಳೆಯನ್ನು ಗೋಡೆಗೆ ತೂಗುಹಾಕಬಹುದು. ನುಗ್ಗಿಬರುವ ಎಂಜಿನ್ನಿನ ಮುಂದೆ ಮೈಯನ್ನು ಎಷ್ಟು ಬಾಗಿಸಬೇಕು, ತೋಳನ್ನು ಯಾವ ಗಳಿಗೆಯಲ್ಲಿ ಸಡಿಲ ಬಿಡಬೇಕು ಎಂಬ ತಿಳಿವಳಿಕೆ ಇರುವುದು ಆ ಕೆಲಸ ಮಾಡಿದವರ ಮೈಯಲ್ಲಿ ಮಾತ್ರ.

ಸದ್ದುಗಳ ಮಾತೂ ಹಾಗೆಯೇ. ನಿಲ್ದಾಣದಲ್ಲಿ ಗಂಟೆಯಾಗಿ ತೂಗುಬಿಟ್ಟ ಹಳಿಯ ತುಂಡು, ಸಿಗ್ನಲ್ ತಂತಿ ಎಳೆದಾಗ ಕಂಬದ ಮೇಲಿನ ಕೈ ಕಟಕ್ಕೆಂದು ಬಾಗುವ ಸದ್ದು, ಗಾಲಿಗೆ ಸುತ್ತಿಗೆ ಬಡಿದು ನಾದದಿಂದಲೇ ಬಿರುಕು ಗುರುತಿಸುವ ಪರೀಕ್ಷಕ, ಹಳಿ ಎತ್ತುವಾಗ ಗ್ಯಾಂಗಿನವರು ಕೂಡಿ ಹಾಕುವ ಹುಯ್ಯಲು, ಇವುಗಳಲ್ಲಿ ಬಹುಪಾಲು ಬೆಳಗಾವಿ ಸೀಮೆಯಲ್ಲಿ ಈಗ ಕಿವಿಗೆ ಬೀಳುವುದಿಲ್ಲ.

ಮೀಟರ್ ಗೇಜ್ ಹೋದ ಮೇಲೆ ಉಳಿದದ್ದನ್ನು ಎರಡನೆಯ ಅಲೆ ಬದಲಿಸುತ್ತಿದೆ. ಸುಮಾರು 190 ಕೋಟಿ ರೂಪಾಯಿ ವೆಚ್ಚದಲ್ಲಿ ಪುನರಭಿವೃದ್ಧಿಗೊಂಡ ಬೆಳಗಾವಿ ನಿಲ್ದಾಣ 2023ರ ಫೆಬ್ರುವರಿ 27ರಂದು ಉದ್ಘಾಟನೆಯಾಯಿತು. ಸುಮಾರು 930 ಕೋಟಿ ರೂಪಾಯಿಯ ಲೋಂಡಾ-ಬೆಳಗಾವಿ-ಘಟಪ್ರಭಾ ಜೋಡಿಹಳಿಯ ಉದ್ಘಾಟನೆಯೂ ಅದೇ ದಿನ. ಗೋಗಟೆ ವೃತ್ತದ ಬಳಿ ಖಾನಾಪುರ ರಸ್ತೆಯನ್ನು ಹಳಿಯ ಮೇಲಿಂದ ದಾಟಿಸುತ್ತಿದ್ದ ಬ್ರಿಟಿಷರ ಕಾಲದ ಸೇತುವೆಯ ಜಾಗದಲ್ಲಿ ಹೊಸ ಮೇಲ್ಸೇತುವೆ ಎದ್ದಿದೆ. ಟಿಳಕವಾಡಿಯ ಜನ ವಿಳಾಸ ಹೇಳುವುದೇ ಮೊದಲ ಗೇಟು, ಎರಡನೇ ಗೇಟು, ಮೂರನೇ ಗೇಟು ಎಂದು. ಒಂದು ಬಡಾವಣೆ ತನ್ನ ದಿಕ್ಕನ್ನು ರೈಲ್ವೆಯ ಎಣಿಕೆಯಿಂದ ಕಂಡುಕೊಂಡದ್ದಕ್ಕೆ ಇದು ಗುರುತು, ಗೇಟುಗಳ ಜಾಗದಲ್ಲಿ ಸೇತುವೆಗಳು ಬಂದರೂ ಆ ಮಾತು ಸದ್ಯಕ್ಕೆ ಉಳಿದಿದೆ. ಇವುಗಳಲ್ಲಿ ಯಾವುದನ್ನೂ ತಡೆಯಬೇಕಿತ್ತು ಎನ್ನುವುದು ಅವಿವೇಕ. ಮುಚ್ಚಿದ ಗೇಟಿನ ಮುಂದೆ ಆಂಬುಲೆನ್ಸಿನಲ್ಲಿ ಕುಳಿತವರಿಗೆ ಪರಂಪರೆಯ ಪಾಠ ಹೇಳಲಾಗದು.

ಖಾನಾಪುರದ ದೃಷ್ಟಿಯಿಂದ ಇದಕ್ಕಿಂತ ದೊಡ್ಡ ಬದಲಾವಣೆ ಇನ್ನೂ ಬರಬೇಕಿದೆ. ಬೆಳಗಾವಿಯಿಂದ ಧಾರವಾಡಕ್ಕೆ ಹೋಗುವ ಗಾಡಿಗಳು ಈಗ ಖಾನಾಪುರ, ಲೋಂಡಾ, ಅಳ್ನಾವರಗಳ ಕಾಡು ಸುತ್ತಿಕೊಂಡೇ ಹೋಗಬೇಕು, ಏಕೆಂದರೆ ಹತ್ತೊಂಬತ್ತನೆಯ ಶತಮಾನದ ಎಂಜಿನಿಯರುಗಳ ಲೆಕ್ಕದಲ್ಲಿ ಮುಖ್ಯವಾಗಿದ್ದದ್ದು ಗೋವಾ ಬಂದರಿನ ಕೂಡು. ಈ ಸುತ್ತನ್ನು ತಪ್ಪಿಸಲು ಕಿತ್ತೂರಿನ ಮೇಲೆ ಹಾಯುವ ಸುಮಾರು 73 ಕಿಲೋಮೀಟರ್ ನೇರ ಮಾರ್ಗಕ್ಕೆ, 927 ಕೋಟಿ ರೂಪಾಯಿಯ ಅಂದಾಜಿನಲ್ಲಿ, 2020ರಲ್ಲಿ ಒಪ್ಪಿಗೆ ಸಿಕ್ಕಿತು. ಅದಕ್ಕಾಗಿ ಶ್ರಮಿಸಿದ, ಬೆಳಗಾವಿಯವರೇ ಆದ ರೈಲ್ವೆ ರಾಜ್ಯ ಸಚಿವ ಸುರೇಶ ಅಂಗಡಿ ಅದೇ ವರ್ಷದ ಸೆಪ್ಟೆಂಬರಿನಲ್ಲಿ ತೀರಿಕೊಂಡರು. ಆ ಹಳಿ ಪೂರ್ತಿಯಾದ ದಿನ ಬೆಂಗಳೂರು, ಹುಬ್ಬಳ್ಳಿಗಳ ದೂರದ ಗಾಡಿಗಳಿಗೆ ಖಾನಾಪುರದ ದಾರಿ ಅನಿವಾರ್ಯವಾಗಿ ಉಳಿಯುವುದಿಲ್ಲ. ಗೋವಾದ ಕಡೆಯ ಸಂಚಾರ ಇದ್ದೇ ಇರುತ್ತದೆ. ಆದರೆ ಮುಖ್ಯ ಮಾರ್ಗದ ಊರು ಬದಿಯ ಮಾರ್ಗದ ಊರಾಗುವುದು ಹೇಗೆಂಬುದನ್ನು ಕಣ್ಣೆದುರೇ ದಾಖಲಿಸುವ ಅವಕಾಶ ಇತಿಹಾಸಕಾರರಿಗೆ ಅಪರೂಪ. ವೆಂಗುರ್ಲೆಗೆ ಹೀಗಾದಾಗ ಯಾರ ಕೈಯಲ್ಲೂ ಕ್ಯಾಮೆರಾ ಇರಲಿಲ್ಲ.

ಕಾನೂನು ಇಲ್ಲಿ ಹೆಚ್ಚಿನ ನೆರವಿಗೆ ಬರುವುದಿಲ್ಲ. 1958ರ ಪ್ರಾಚೀನ ಸ್ಮಾರಕಗಳ ಕಾಯ್ದೆ ನೂರು ವರ್ಷ ದಾಟಿದ ಕಟ್ಟಡವನ್ನು ರಕ್ಷಿಸಬಹುದು ಎನ್ನುತ್ತದೆ, ಆದರೆ ನೂರು ವರ್ಷವಾದ ಮಾತ್ರಕ್ಕೆ ರಕ್ಷಣೆ ತಾನಾಗಿ ಬರುವುದಿಲ್ಲ, ಸರ್ಕಾರ ಅದನ್ನು ರಾಷ್ಟ್ರೀಯ ಮಹತ್ವದ್ದೆಂದು ಘೋಷಿಸಬೇಕು. ಯುನೆಸ್ಕೊ ಪಟ್ಟಿಗೆ ಸೇರಿದ ಭಾರತದ ರೈಲುಗಳು ಡಾರ್ಜಿಲಿಂಗ್, ನೀಲಗಿರಿ, ಕಾಲ್ಕಾ-ಶಿಮ್ಲಾ, ಅಂದರೆ ಗುಡ್ಡದ ಪುಟ್ಟ ರೈಲುಗಳು. 2010ರಲ್ಲಿ ಬಿಬಿಸಿ ಅವುಗಳ ಮೇಲೆ ಮೂರು ಕಂತಿನ ಸರಣಿಯನ್ನೇ ಮಾಡಿತು, ಅದರಲ್ಲಿ ನೌಕರರ ಬದುಕು ಚೆನ್ನಾಗಿಯೇ ಬಂದಿದೆ. ಸರಕು ಹೊತ್ತು ದುಡಿದ ಬಯಲಿನ ಮತ್ತು ಕಾಡಿನ ಹಳಿಗಳಿಗೆ ಅಂಥ ಭಾಗ್ಯ ಬಂದದ್ದು ಕಡಿಮೆ.

ಹಾಗೆ ನೋಡಿದರೆ ಸಿನಿಮಾ ಮತ್ತು ರೈಲಿನ ನಂಟು ಸಿನಿಮಾದಷ್ಟೇ ಹಳೆಯದು. ಫ್ರಾನ್ಸಿನ ಲಾ ಸಿಯೋತಾ ನಿಲ್ದಾಣಕ್ಕೆ ರೈಲು ಬರುವ ಲೂಮಿಯೇರ್ ಸೋದರರ ತುಣುಕು ಒಂದು ನಿಮಿಷವೂ ಇಲ್ಲ, ಆದರೂ ಹತ್ತೊಂಬತ್ತನೆಯ ಶತಮಾನದ ಕೊನೆಯ ಒಂದು ಪ್ಲಾಟ್‌ಫಾರ್ಮಿನ ಉಡುಗೆ, ನಡಿಗೆ, ಅವಸರ ಅದರಲ್ಲಿ ಉಳಿದುಕೊಂಡಿವೆ. ಸಾಕ್ಷ್ಯಚಿತ್ರದ ಮಾದರಿಯೆಂದು ಇಂದಿಗೂ ತೋರಿಸುವ ‘ನೈಟ್ ಮೇಲ್’ 1936ರದು. ಲಂಡನ್ನಿನಿಂದ ಸ್ಕಾಟ್ಲೆಂಡಿಗೆ ಹೋಗುವ ಅಂಚೆ ರೈಲಿನಲ್ಲಿ ನೌಕರರು ರಾತ್ರಿಯಿಡೀ ಕಾಗದ ವಿಂಗಡಿಸುವುದನ್ನು ಸುಮಾರು 25 ನಿಮಿಷಗಳಲ್ಲಿ ತೋರಿಸುವ ಈ ಚಿತ್ರಕ್ಕೆ ಬ್ರಿಟನ್ನಿನ ಅಂಚೆ ಇಲಾಖೆಯೇ ಹಣ ಕೊಟ್ಟಿತ್ತು. ಡಬ್ಬಿಯೊಳಗಿನ ದೃಶ್ಯಗಳನ್ನು ಸ್ಟುಡಿಯೋದಲ್ಲಿ ಹಾಕಿದ ಸೆಟ್ಟಿನೊಳಗೆ ತೆಗೆಯಲಾಯಿತು, ರೈಲು ಓಡುತ್ತಿದೆ ಎಂಬ ಭಾವನೆ ಬರಲೆಂದು ನಿಜವಾದ ಅಂಚೆ ನೌಕರರಿಗೇ ಮೈ ಓಲಾಡಿಸಿ ಕೆಲಸ ಮಾಡಲು ಹೇಳಲಾಯಿತು. ಇದನ್ನು ಮೋಸ ಎಂದವರಿದ್ದಾರೆ. ಖಾನಾಪುರದ ಮಟ್ಟಿಗೆ ಇದೊಂದು ಕೀಲಿಕೈ: ನಿವೃತ್ತ ನೌಕರರು ಟೋಕನ್ ಬಳೆಯನ್ನು ಕೈಗೆತ್ತಿಕೊಂಡು ತಮ್ಮ ಹಳೆಯ ಕೆಲಸವನ್ನು ಮಾಡಿ ತೋರಿಸಬಹುದು. ಇದು ಮರುನಟನೆ ಎಂದು ಪರದೆಯ ಮೇಲೆ ಒಂದು ಸಾಲು ಬರೆದುಬಿಟ್ಟರೆ ಪ್ರಾಮಾಣಿಕತೆಗೆ ಯಾವ ಧಕ್ಕೆಯೂ ಇಲ್ಲ.

ಕರ್ನಾಟಕದ್ದೇ ಉದಾಹರಣೆ ಬೇಕಾದರೆ ಶಿವಮೊಗ್ಗ ಜಿಲ್ಲೆಯ ಅರಸಾಳು ನಿಲ್ದಾಣ ಇದೆ. ಶಂಕರ್ ನಾಗ್ ‘ಮಾಲ್ಗುಡಿ ಡೇಸ್’ ಸರಣಿಗೆ ಅದನ್ನು ಮಾಲ್ಗುಡಿ ನಿಲ್ದಾಣವಾಗಿ ಮಾಡಿಕೊಂಡರು. ಪಾಳುಬಿದ್ದಿದ್ದ ಆ ಹಳೆಯ ಕಟ್ಟಡವನ್ನು ನೈಋತ್ಯ ರೈಲ್ವೆ 2020ರಲ್ಲಿ ಮಾಲ್ಗುಡಿ ವಸ್ತುಸಂಗ್ರಹಾಲಯವಾಗಿ ಪುನರುಜ್ಜೀವನಗೊಳಿಸಿತು, ಸರಣಿಗೆ ಕಲಾ ನಿರ್ದೇಶನ ಮಾಡಿದ್ದ ಜಾನ್ ದೇವರಾಜ್ ಅವರೇ ಆ ಕೆಲಸದಲ್ಲೂ ತೊಡಗಿದರು. ಸುತ್ತಲಿನ ಎಷ್ಟೋ ಸಣ್ಣ ನಿಲ್ದಾಣಗಳು ಸದ್ದಿಲ್ಲದೆ ಮಾಯವಾದಾಗ ಇದೊಂದು ಉಳಿದದ್ದು ಅದರ ಕಟ್ಟಡದ ಹೆಚ್ಚುಗಾರಿಕೆಯಿಂದಲ್ಲ, ಅದು ಒಮ್ಮೆ ಚಿತ್ರೀಕರಣಗೊಂಡಿತ್ತು ಎಂಬುದರಿಂದ. ಅದೇ ವರ್ಷ ಹುಬ್ಬಳ್ಳಿಯಲ್ಲಿ ತೆರೆದ ರೈಲು ವಸ್ತುಸಂಗ್ರಹಾಲಯದಲ್ಲಿ ಹಳೆಯ ರೈಲ್ವೆ ಮನೆಗಳಿಗೆ ಮಲಪ್ರಭಾ, ಘಟಪ್ರಭಾ ಎಂದು ಹೆಸರಿಟ್ಟಿದ್ದಾರೆ, ಚಿತ್ರ ತೋರಿಸಲು ಒಂದು ಬೋಗಿಯೂ ಇದೆ. ಬೆಳಗಾವಿ ಜಿಲ್ಲೆಯ ಎರಡು ನದಿಗಳ ಹೆಸರು ಹೊತ್ತ ಆ ಜಾಗದಲ್ಲಿ ಬೆಳಗಾವಿ-ಖಾನಾಪುರ ಹಳಿಯ ಚಿತ್ರವೊಂದು ನಡೆಯುವುದು ನ್ಯಾಯವೇ ಸರಿ.

ಚಿತ್ರ ಮಾಡಿದರೆ ಸಾಲದು, ಕಾಪಿಡಬೇಕು ಎಂಬ ಪಾಠವೂ ಈ ಹಳಿಯ ತುದಿಯಲ್ಲೇ ಸಿಗುತ್ತದೆ. 1934ರಲ್ಲಿ ಬಿಡುಗಡೆಯಾದ ಮೊದಲ ಕನ್ನಡ ವಾಕ್ಚಿತ್ರ ‘ಸತಿ ಸುಲೋಚನಾ’ ತಯಾರಾದದ್ದು ಕೊಲ್ಲಾಪುರದ ಸ್ಟುಡಿಯೋದಲ್ಲಿ, ಬೆಂಗಳೂರಿನಿಂದ ಅಲ್ಲಿಗೆ ನೇರ ರೈಲಿನ ದಾರಿ ಲೋಂಡಾ, ಬೆಳಗಾವಿ, ಮೀರಜ್‌ಗಳ ಮೇಲೆಯೇ ಇತ್ತು. ಆ ಚಿತ್ರದ ಒಂದು ಪ್ರತಿಯೂ ಈಗ ಇಲ್ಲ. ಫಿಲ್ಮ್ ಸುರುಳಿಗೆ ಇದ್ದ ಬೆಂಕಿ ಮತ್ತು ಬೂಷ್ಟಿನ ಭಯ ಡಿಜಿಟಲ್ ಕಡತಕ್ಕೆ ಇಲ್ಲವೆಂದು ನಂಬುವವರು ಹತ್ತು ವರ್ಷ ಮೂಲೆಯಲ್ಲಿಟ್ಟ ಹಾರ್ಡ್ ಡಿಸ್ಕನ್ನು ಒಮ್ಮೆ ಜೋಡಿಸಿ ನೋಡಬೇಕು. 50 ನಿಮಿಷದ ಚಿತ್ರಕ್ಕಾಗಿ 50 ತಾಸು ಚಿತ್ರೀಕರಣವಾಗಿರುತ್ತದೆ. ಪ್ರದರ್ಶನಕ್ಕೆ ಬಾರದ ಆ 49 ತಾಸುಗಳಲ್ಲಿ ನೌಕರರ ಪೂರ್ತಿ ಸಂದರ್ಶನಗಳು ಇರುತ್ತವೆ, ನಾಳಿನ ಸಂಶೋಧಕರಿಗೆ ಬೇಕಾಗುವುದು ಅವೇ. ಯಾರು, ಎಲ್ಲಿ, ಯಾವಾಗ, ಯಾವ ಭಾಷೆಯಲ್ಲಿ ಮಾತಾಡಿದರು ಎಂಬ ಪಟ್ಟಿಯೊಡನೆ ಅವನ್ನು ಕನಿಷ್ಠ ಎರಡು ಕಡೆ ಇಡಬೇಕು. 1964ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲನಚಿತ್ರ ಭಂಡಾರ ಇರುವುದು ಇದೇ ಹಳಿಯ ಇನ್ನೊಂದು ತುದಿಯಾದ ಪುಣೆಯಲ್ಲಿ. ಬೆಳಗಾವಿಯಲ್ಲೇ ರಾಣಿ ಚನ್ನಮ್ಮ ವಿಶ್ವವಿದ್ಯಾಲಯ ಇದೆ, ಇತಿಹಾಸ ಓದುವ ವಿದ್ಯಾರ್ಥಿಗಳ ಕೈಗೆ ಕ್ಯಾಮೆರಾ ಕೊಡಲು ದೊಡ್ಡ ಹಣವೇನೂ ಬೇಕಿಲ್ಲ.

ಭಾಷೆಯ ಮಾತನ್ನು ಇಲ್ಲಿ ಎತ್ತಲೇಬೇಕು, ಎತ್ತುವಾಗ ಎಚ್ಚರವೂ ಬೇಕು. ಖಾನಾಪುರದ ಹಳಿಯ ನೆನಪು ಕನ್ನಡದಲ್ಲಿದೆ, ಮರಾಠಿಯಲ್ಲಿದೆ, ಕೊಂಕಣಿ, ಉರ್ದುಗಳಲ್ಲೂ ಇದೆ. ರೈಲ್ವೆ ಕಾಲೊನಿಗಳಲ್ಲಿ ಗೋವಾದ ಕ್ರೈಸ್ತರು, ಆಂಗ್ಲೋ-ಇಂಡಿಯನ್ನರು, ತಮಿಳು, ತೆಲುಗು ಮನೆಮಾತಿನವರು ಅಕ್ಕಪಕ್ಕ ಬಾಳಿದ್ದಾರೆ. ಕನ್ನಡದವರು ಹಳಿ ಎಂದದ್ದನ್ನು ಮರಾಠಿಯವರು ರೂಳ ಎಂದರು, ರೈಲಿಗೆ ಇಬ್ಬರೂ ಗಾಡಿ ಎಂದರು, ಲೈನ್ ಕ್ಲಿಯರ್ ಎಂಬುದು ಎಲ್ಲರಿಗೂ ಲೈನ್ ಕ್ಲಿಯರ್ರೇ. ಗಡಿಯ ರಾಜಕೀಯದಲ್ಲಿ ಫಲಕದ ಅಕ್ಷರಕ್ಕೂ ಜಗಳವಾಡುವ ಈ ಸೀಮೆಯಲ್ಲಿ ಕೆಲಸದ ಮಾತು ಹೀಗೆ ಬೆರೆತುಹೋಗಿದ್ದು ಚಿತ್ರಕ್ಕೆ ಸಿಗುವ ದೊಡ್ಡ ಸಂಪತ್ತು. ಆದ್ದರಿಂದ ಪ್ರತಿಯೊಬ್ಬರೂ ತಮ್ಮ ಮಾತಿನಲ್ಲೇ ಹೇಳಬೇಕು, ಕೆಳಗೆ ಕನ್ನಡದ ಮತ್ತು ಮರಾಠಿಯ ಅಡಿಬರಹ ಬರಬೇಕು; ಎಲ್ಲರ ಮಾತಿನ ಮೇಲೂ ಒಬ್ಬ ನಿರೂಪಕನ ಗಂಭೀರ ದನಿಯನ್ನು ಹಾಸಿಬಿಡುವ ಹಳೆಯ ಚಾಳಿಯಿಂದ ಅರ್ಧ ಸಾಕ್ಷ್ಯ ಅಲ್ಲೇ ಸಾಯುತ್ತದೆ.

ಚಿತ್ರೀಕರಣಕ್ಕೆ ತಕ್ಕ ಕಾಲ ಮಳೆಗಾಲ. ಮಲಪ್ರಭೆ ಹುಟ್ಟುವ ಕಣಕುಂಬಿಯ ಕಡೆಯಿಂದ ಮೋಡ ಕವಿದರೆ ಖಾನಾಪುರದ ಪಶ್ಚಿಮದ ಕಾಡುಗಳಲ್ಲಿ ವಾರಗಟ್ಟಲೆ ಬಿಸಿಲು ಕಾಣುವುದಿಲ್ಲ. ಆ ಹೊತ್ತಿನಲ್ಲಿ ರಾತ್ರಿ ಹಳಿಯ ಗುಂಟ ನಡೆದು ಮಣ್ಣು ಕುಸಿದಿದೆಯೇ, ಮರ ಬಿದ್ದಿದೆಯೇ ಎಂದು ನೋಡುವ ಗಸ್ತಿನವರ ಕೆಲಸ ಮೀಟರ್ ಗೇಜಿನ ಕಾಲದಿಂದ ಹೆಚ್ಚು ಬದಲಾಗಿಲ್ಲ: ಕೈದೀಪ, ಕೆಂಪು ಬಾವುಟ, ಅಪಾಯ ಕಂಡರೆ ಹಳಿಯ ಮೇಲಿಟ್ಟು ಗಾಲಿಯಡಿ ಸಿಡಿಯುವಂತೆ ಮಾಡುವ ಪಟಾಕಿ ಸಿಗ್ನಲ್. ಹೊಸದಾಗಿ ಬಂದದ್ದು ಜಿಪಿಎಸ್ ಉಪಕರಣ. ಡ್ರೋನಿನಿಂದ ತೆಗೆದ ದೂಧಸಾಗರದ ಹಾಲುನೊರೆಯ ದೃಶ್ಯಗಳು ಈಗಾಗಲೇ ಬೇಕಾದಷ್ಟಿವೆ. ಒಬ್ಬ ಗಸ್ತಿನವನ ಜೊತೆ ಒಂದು ಇಡೀ ರಾತ್ರಿ ನಡೆದ ದೃಶ್ಯಕ್ಕೆ ಅವೆಲ್ಲ ಸಮನಾಗವು. ಇದಕ್ಕೆ ರೈಲ್ವೆಯ ಲಿಖಿತ ಅನುಮತಿ ಬೇಕು. ಅನುಮತಿಯಿಲ್ಲದೆ ಹಳಿಯ ಮೇಲೆ ಓಡಾಡುವುದು 1989ರ ರೈಲ್ವೆ ಕಾಯ್ದೆಯ 147ನೇ ಕಲಮಿನಂತೆ ಆರು ತಿಂಗಳವರೆಗೆ ಸೆರೆವಾಸಕ್ಕೂ ಸಾವಿರ ರೂಪಾಯಿವರೆಗೆ ದಂಡಕ್ಕೂ ಗುರಿಯಾಗುವ ಅಪರಾಧ, ಅದಕ್ಕಿಂತ ಮೊದಲು ಅದು ಜೀವಕ್ಕೇ ಅಪಾಯ.

ಅನುಮತಿ ಬೇಡದ ಕೆಲಸವೂ ಬಹಳ ಇದೆ. ಬೆಳಗಾವಿ, ಖಾನಾಪುರ, ಲೋಂಡಾಗಳ ಮನೆಗಳಲ್ಲಿ ಸೇವಾ ಪುಸ್ತಕಗಳು, ಬೀಳ್ಕೊಡುಗೆಯ ದಿನ ಎಂಜಿನ್ನಿನ ಮುಂದೆ ನಿಂತು ತೆಗೆಸಿಕೊಂಡ ಕಪ್ಪುಬಿಳುಪು ಫೋಟೋಗಳು, ಹಿತ್ತಾಳೆಯ ಬಿಲ್ಲೆಗಳು, ಹಳೆಯ ಸೀಟಿಗಳು ಪೆಟ್ಟಿಗೆಯ ತಳದಲ್ಲಿ ಬಿದ್ದಿರುತ್ತವೆ. ಮನೆ ಬದಲಿಸುವಾಗ ಅವನ್ನು ರದ್ದಿಗೆ ಹಾಕುವ ಮೊದಲು ಮೊಬೈಲಿನಲ್ಲಾದರೂ ಒಂದು ಚಿತ್ರ ತೆಗೆದು, ಅದರಲ್ಲಿರುವವರ ಹೆಸರು, ಊರು, ವರ್ಷ ಬರೆದಿಟ್ಟರೆ ಯಾವ ಸಾಕ್ಷ್ಯಚಿತ್ರಕಾರರಿಗೂ ಅದು ಮೊದಲ ಕಚ್ಚಾವಸ್ತು. ತಡಮಾಡಲು ಕಾಲವಿಲ್ಲ: 1990ರಲ್ಲಿ, ಮೀಟರ್ ಗೇಜ್ ಇನ್ನೂ ಓಡುತ್ತಿದ್ದಾಗ, ಇಪ್ಪತ್ತನೆಯ ವಯಸ್ಸಿಗೆ ಈ ಹಳಿಯ ಮೇಲೆ ಕೆಲಸಕ್ಕೆ ಸೇರಿದವರು 2030ಕ್ಕೆ ಅರುವತ್ತು ತುಂಬಿ ನಿವೃತ್ತರಾಗುತ್ತಾರೆ, ಅವರಿಗೆ ಆ ಕೆಲಸ ಕಲಿಸಿದ ಹಿರಿಯರಿಗೆ ಈಗ ಎಂಬತ್ತರ ಆಸುಪಾಸು.